ಸತ್ತವನ ಸಂಬಳಕ್ಕೆ ಸಾಕ್ಷಿ ಯಾರು?

ಬಸ್ ಸ್ಟ್ಯಾಂಡಿನಲ್ಲಿ ದಿನಾ ನಿಂತು ಕಾಲು ಸೋತವರಿಗೆ ಈ ದೃಶ್ಯ ಹೊಸದಲ್ಲ. ಬೆಳಗಿನ ಹನ್ನೊಂದರ ಸುಮಾರು. ಬಸ್ಸು ತುಂಬಿದೆ. ಕಿಟಕಿಯಿಂದ ಟವೆಲ್ಲು ಎಸೆದು ಸೀಟು ಹಿಡಿದವರು ಹಿಡಿದಾಗಿದೆ. ಕಂಡಕ್ಟರು 'ರೈಟ್' ಅನ್ನುವುದೊಂದೇ ಬಾಕಿ. ಅಷ್ಟರಲ್ಲಿ ಕೋರ್ಟಿನ ಅಮೀನರು ವಾರಂಟು ಹಿಡಿದು ಬಂದು ಡ್ರೈವರ್ ಬಾಗಿಲ ಹತ್ತಿರ ನಿಲ್ಲುತ್ತಾರೆ. ಜೊತೆಗೆ ಕರಿ ಕೋಟಿನ ಲಾಯರೊಬ್ಬರು. ಅವರಿಗೂ ಹತ್ತು ಹೆಜ್ಜೆ ಹಿಂದೆ, ತಲೆ ಮೇಲೆ ಸೆರಗು ಹೊದ್ದು, ಪ್ಲಾಸ್ಟಿಕ್ ಚೀಲದಲ್ಲಿ ಕಾಗದಪತ್ರ ಹಿಡಿದ ಒಬ್ಬ ಹೆಂಗಸು.

"ಬಸ್ ಜಪ್ತಿ ಆಗಿದೆ, ಎಲ್ಲಾ ಕೆಳಗಿಳೀರಿ."

ಜನ ಗೊಣಗುತ್ತಾ ಇಳಿಯುತ್ತಾರೆ. ಟಿಕೀಟಿನ ದುಡ್ಡು ವಾಪಸ್ ಕೊಡಿ ಅಂತ ಒಬ್ಬ, ಸಂತೆಗೆ ಹೊತ್ತಾಯ್ತು ಅಂತ ಇನ್ನೊಬ್ಬ. ಬಸ್ಸು ಕೋರ್ಟಿನ ಆವರಣಕ್ಕೆ ಹೋಗಿ ನಿಲ್ಲುತ್ತದೆ. ಮಾರನೇ ದಿನ ಪೇಪರಿನಲ್ಲಿ ಎರಡು ಇಂಚಿನ ಸುದ್ದಿ: 'ಪರಿಹಾರ ನೀಡದ ಸಾರಿಗೆ ಬಸ್ ಜಪ್ತಿ'. ಹಿಂದೆ ನಿಂತಿದ್ದ ಆ ಹೆಂಗಸು ಯಾರು, ಎಷ್ಟು ವರ್ಷದಿಂದ ಕೋರ್ಟಿನ ಕಟ್ಟೆ ಮೇಲೆ ಕೂತಿದ್ದಾಳೆ ಅನ್ನುವುದೆಲ್ಲ ಆ ಎರಡು ಇಂಚಿನಲ್ಲಿ ಹಿಡಿಸುವುದಿಲ್ಲ.

ಬಸ್ಸನ್ನೇ ಯಾಕೆ ಹಿಡಿಯುತ್ತಾರೆ? ಕಾರಣ ಸರಳ. ಲಾರಿ, ಕಾರು, ಬೈಕು ಎಲ್ಲಕ್ಕೂ ಇನ್ಷೂರೆನ್ಸ್ ಕಡ್ಡಾಯ. ಆದರೆ ಸರ್ಕಾರಿ ಸಾರಿಗೆ ನಿಗಮಗಳಿಗೆ ಮೋಟಾರು ವಾಹನ ಕಾಯ್ದೆಯ 146ನೇ ಕಲಮಿನಲ್ಲಿ ವಿನಾಯಿತಿ ಪಡೆಯಲು ಅವಕಾಶವಿದೆ. ವಿಮೆ ಇಲ್ಲದ ಬಸ್ಸಿನಿಂದ ಜೀವ ಹೋದರೆ ನಿಗಮವೇ ತನ್ನ ಪೆಟ್ಟಿಗೆಯಿಂದ ದುಡ್ಡು ಎಣಿಸಬೇಕು. ಪೆಟ್ಟಿಗೆ ಖಾಲಿ ಇದ್ದರೆ, ಅಥವಾ ಮೇಲಿನ ಕಛೇರಿಯಿಂದ ಮಂಜೂರಾತಿ ಬರುವುದು ತಡವಾದರೆ, ತೀರ್ಪಾದ ಮೇಲೂ ಹಣ ಬರುವುದಿಲ್ಲ. ಆಗ ಅಮಲ್ಜಾರಿ ಅರ್ಜಿ, ಆಮೇಲೆ ಜಪ್ತಿ ವಾರಂಟು. ನಿಗಮದ ಆಸ್ತಿಗಳಲ್ಲಿ ದಿನಾ ಟೈಮಿಗೆ ಸರಿಯಾಗಿ ಕೈಗೆ ಸಿಗುವಂಥದು ಬಸ್ಸು ತಾನೇ!

ಇದು ಬಸ್ಸಿನ ಕಥೆ ಮಾತ್ರ ಅಲ್ಲ. ಕೇಂದ್ರ ಸಾರಿಗೆ ಸಚಿವಾಲಯದ ಲೆಕ್ಕದ ಪ್ರಕಾರ 2022ರಲ್ಲಿ ದೇಶದ ರಸ್ತೆಗಳಲ್ಲಿ ಸತ್ತವರು 1,68,491 ಮಂದಿ. ಕರ್ನಾಟಕದ ಪಾಲು 11,702. ಅಂದರೆ ರಾಜ್ಯದಲ್ಲಿ ದಿನಕ್ಕೆ ಸುಮಾರು 32 ಹೆಣ. ದೇಶದ ಲೆಕ್ಕದಲ್ಲಿ ನೂರಕ್ಕೆ 44ಕ್ಕಿಂತ ಹೆಚ್ಚು ಮಂದಿ ದ್ವಿಚಕ್ರ ವಾಹನದ ಮೇಲಿದ್ದವರು. ಬೆಳಿಗ್ಗೆ ಅಂಗಡಿ ಬಾಗಿಲು ತೆಗೆಯಲು ಹೊರಟವನು, ಹಾಲಿನ ಕ್ಯಾನು ಕಟ್ಟಿಕೊಂಡು ಡೈರಿಗೆ ಹೋದವನು, ಮೇಸ್ತ್ರಿ ಕರೆದನೆಂದು ಗಾರೆ ಕೆಲಸಕ್ಕೆ ಹೋದವನು. ದುಡಿಯುವ ಕೈಗಳು. ಇಂಥ ಮನೆಗಳಲ್ಲಿ ಹದಿಮೂರನೇ ದಿನದ ಕಾರ್ಯ ಮುಗಿದು ನೆಂಟರು ಊರಿಗೆ ಹೋದ ಮೇಲೆ ಎದ್ದು ನಿಲ್ಲುವ ಪ್ರಶ್ನೆ ಒಂದೇ: ನಾಳೆ ಅಕ್ಕಿ ತರುವವರು ಯಾರು?

ಕಾನೂನಿನ ಉತ್ತರ ಇದೆ. ಉತ್ತರ ಇದ್ದರೂ ಸಿಗುವುದಿಲ್ಲ ಅನ್ನುವುದೇ ಗೋಳು.

ಆಸ್ಪತ್ರೆಯ ಒಂದು ಸಾಲು

ಪರಿಹಾರದ ಕೇಸು ಕೋರ್ಟಿನಲ್ಲಿ ಸೋಲುತ್ತದೆ ಅಂತ ಜನ ತಿಳಿದಿದ್ದಾರೆ. ತಪ್ಪು. ಎಷ್ಟೋ ಕೇಸು ಆಸ್ಪತ್ರೆಯ ಬಾಗಿಲಲ್ಲೇ ಸೋತಿರುತ್ತವೆ.

ಅಪಘಾತವಾದ ಗಡಿಬಿಡಿಯಲ್ಲಿ ದಾರಿಹೋಕರು ಯಾರೋ ಗಾಯಾಳುವನ್ನು ಆಟೋದಲ್ಲಿ ಹಾಕಿಕೊಂಡು ಬರುತ್ತಾರೆ. ಡ್ಯೂಟಿ ಡಾಕ್ಟರು ಎಂ.ಎಲ್.ಸಿ. ರಿಜಿಸ್ಟರು ತೆಗೆದು "ಏನಾಯ್ತು?" ಅಂತ ಕೇಳುತ್ತಾರೆ. ತಂದವನಿಗೆ ಪೋಲೀಸು, ಸಾಕ್ಷಿ, ಕೋರ್ಟು ಅಂದರೆ ಹೆದರಿಕೆ. "ಬೈಕಿಂದ ಬಿದ್ದ ಸಾರ್" ಅಂದುಬಿಡುತ್ತಾನೆ. ಅಷ್ಟೇ. ಹಿಂದಿನಿಂದ ಗುದ್ದಿದ ಟಿಪ್ಪರು ರಿಜಿಸ್ಟರಿನಲ್ಲಿ ಬರಲೇ ಇಲ್ಲ. 'ತಾನೇ ಬಿದ್ದದ್ದು' ಅಂತ ಬರೆದ ಆ ಸಾಲನ್ನು ಎರಡು ವರ್ಷ ಬಿಟ್ಟು ಇನ್ಷೂರೆನ್ಸ್ ವಕೀಲರು ಪಾಟೀ ಸವಾಲಿನಲ್ಲಿ ಹೊರಗೆ ತೆಗೆಯುತ್ತಾರೆ. "ಆ ದಿನ ಬಿದ್ದ ಅಂತ ಬರೆಸಿದ್ದೀರಿ, ಇವತ್ತು ಟಿಪ್ಪರು ಗುದ್ದಿತು ಅಂತೀರಿ. ಯಾವುದು ನಿಜಾ ತಾಯಿ?" ಆ ತಾಯಿ ಏನು ಹೇಳಬೇಕು? ಆ ಹೊತ್ತಿನಲ್ಲಿ ಆಕೆ ಆಸ್ಪತ್ರೆಯಲ್ಲೇ ಇರಲಿಲ್ಲ.

ಇನ್ನೊಂದು ಕಡೆಯಿಂದಲೂ ನೋಡಬೇಕು. ನಿಜವಾಗಿ ತಾನೇ ಬಿದ್ದು ಸತ್ತವನ ಕೇಸಿಗೆ ಎಲ್ಲಿಂದಲೋ ಒಂದು ವಿಮೆ ಇರುವ ವಾಹನ ತಂದು ನಿಲ್ಲಿಸುವ ಕಸುಬೂ ನಡೆಯುತ್ತದೆ. ಸಿಕ್ಕಿಬಿದ್ದು ಕೇಸಾದ ಪ್ರಸಂಗಗಳು ಉಂಟು. ಈ ಕಳ್ಳಾಟದ ದೆಸೆಯಿಂದ ದೂರು ಕೊಡಲು ನಾಲ್ಕು ದಿನ ತಡವಾದರೂ ಸಾಕು, ಕಂಪನಿಯವರು ಅನುಮಾನದ ಕನ್ನಡಕ ಹಾಕಿಕೊಳ್ಳುತ್ತಾರೆ. ಯಾರದೋ ಮೋಸಕ್ಕೆ ಯಾರದೋ ಮನೆ ದಂಡ ಕಟ್ಟುತ್ತದೆ.

ಹಾಗಾಗಿ ದುಃಖದ ನಡುವೆಯೂ ಮನೆಯವರಲ್ಲಿ ಗಟ್ಟಿ ಮನಸ್ಸಿನ ಒಬ್ಬರು ಮೊದಲ ದಿನವೇ ಮಾಡಬೇಕಾದ ಕೆಲಸ ಇಷ್ಟು: ರಿಜಿಸ್ಟರಿನಲ್ಲಿ ಏನು ಬರೆದಿದೆ ಅಂತ ಓದಿಸಿಕೊಳ್ಳುವುದು, ವಾಹನದ ನಂಬರು ಎಫ್.ಐ.ಆರ್.ನಲ್ಲಿ ಬಂದಿದೆಯಾ ನೋಡುವುದು, ಕಣ್ಣಾರೆ ಕಂಡವರ ಫೋನ್ ನಂಬರು ಬರೆದಿಟ್ಟುಕೊಳ್ಳುವುದು.

ಪೋಲೀಸರ ಮೇಲೂ ಹೊಣೆ ಇದೆ. 2022ರ ಏಪ್ರಿಲ್ 1ರಿಂದ ಜಾರಿಗೆ ಬಂದ ನಿಯಮದಂತೆ ಅಪಘಾತದ ಮೊದಲ ವರದಿ 48 ಗಂಟೆಯೊಳಗೆ ಕ್ಲೇಮು ಟ್ರಿಬ್ಯುನಲ್ಲಿಗೆ ಹೋಗಬೇಕು. ವಿವರವಾದ ವರದಿಗೆ 90 ದಿನ. ಆ ವರದಿಯನ್ನೇ ಪರಿಹಾರದ ಅರ್ಜಿ ಅಂತ ಪರಿಗಣಿಸಲು ಕಾಯ್ದೆಯಲ್ಲೇ ದಾರಿ ಇದೆ. ನಿಮಗೆ ಏನೇನು ಹಕ್ಕಿದೆ ಅಂತ ತಿಳಿಸುವ ಒಂದು ಫಾರಮ್ಮನ್ನೂ ಮನೆಯವರ ಕೈಗೆ ಕೊಡಬೇಕು. ಕಳೆದ ಮೂರ್ನಾಲ್ಕು ವರ್ಷದಲ್ಲಿ ಮನೆಯವರನ್ನು ಕಳೆದುಕೊಂಡವರು ನಿಮ್ಮ ಬೀದಿಯಲ್ಲಿದ್ದರೆ ಕೇಳಿ ನೋಡಿ, ಆ ಫಾರಮ್ಮು ಅವರ ಕೈ ಸೇರಿತ್ತಾ ಅಂತ.

ಪೋಲೀಸರಿಗಿಂತ ಮೊದಲು ಬರುವವನು ಬೇರೆಯೇ ಇದ್ದಾನೆ. ಶವಾಗಾರದ ಮುಂದಿನ ಟೀ ಅಂಗಡಿಯಲ್ಲಿ ಕೂತಿರುತ್ತಾನೆ. ಮೆಲ್ಲಗೆ ಬಂದು, "ಅಮ್ಮಾ, ಎಲ್ಲಾ ನಾವು ನೋಡ್ಕಂತೀವಿ, ನೀವು ಒಂದು ಪೈಸಾ ಖರ್ಚು ಮಾಡೋದು ಬೇಡ. ಬಂದಾಗ ಇಷ್ಟು ಪರ್ಸೆಂಟ್ ಕೊಟ್ರೆ ಸಾಕು" ಅನ್ನುತ್ತಾನೆ. ಖಾಲಿ ವಕಾಲತ್ತಿಗೆ ಹೆಬ್ಬೆಟ್ಟು ಬೀಳುತ್ತದೆ. ಬಂದ ಪರಿಹಾರದಲ್ಲಿ ಪಾಲು ಅಂತ ಫೀಜು ಗೊತ್ತು ಮಾಡಿಕೊಳ್ಳುವುದನ್ನು ವಕೀಲರ ಪರಿಷತ್ತಿನ ನಿಯಮವೇ ನಿಷೇಧಿಸಿದೆ ಅಂತ ಆಕೆಗೆ ಹೇಳುವವರಿಲ್ಲ. ಹೆಂಗಸರಿಗೆ ಮತ್ತು ಮಕ್ಕಳಿಗೆ, ಆದಾಯ ಎಷ್ಟೇ ಇರಲಿ, ಸರ್ಕಾರದ ಖರ್ಚಿನಲ್ಲಿ ವಕೀಲರನ್ನು ಕೊಡಬೇಕು ಅಂತ 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆ ಹೇಳುತ್ತದೆ. ಆ ಸಮಿತಿಯ ಕಛೇರಿ ತಾಲ್ಲೂಕು ಕೋರ್ಟಿನಲ್ಲೇ ಇರುತ್ತದೆ. ಬೋರ್ಡು ಇದೆ, ಓದುವವರು ಕಮ್ಮಿ. ಹಾಗಂತ ಎಲ್ಲಾ ವಕೀಲರನ್ನೂ ಒಂದೇ ಕೊಳಗದಲ್ಲಿ ಅಳೆಯಬಾರದು. ಕೈಯಿಂದ ಖರ್ಚು ಹಾಕಿ ವರ್ಷಗಟ್ಟಲೆ ಓಡಾಡಿ ವಿಧವೆಗೆ ದುಡ್ಡು ಕೊಡಿಸಿದವರೂ ಪ್ರತಿ ಊರಲ್ಲೂ ಇದ್ದಾರೆ.

ಜೀವದ ಲೆಕ್ಕ

ಕಳೆದುಹೋದ ಜೀವಕ್ಕೆ ಬೆಲೆ ಕಟ್ಟುವುದುಂಟೇ ಅಂತ ಹಿರಿಯರು ಕೇಳುತ್ತಾರೆ. ಕೋರ್ಟು ಜೀವಕ್ಕೆ ಬೆಲೆ ಕಟ್ಟುವುದಿಲ್ಲ, ಅವನ ದುಡಿಮೆಗೆ ಕಟ್ಟುತ್ತದೆ. ಲೆಕ್ಕದ ಸೂತ್ರವನ್ನು ಸುಪ್ರೀಂ ಕೋರ್ಟು ಎರಡು ತೀರ್ಪುಗಳಲ್ಲಿ ಗಟ್ಟಿ ಮಾಡಿದೆ. 2009ರ ಸರಳಾ ವರ್ಮಾ ತೀರ್ಪು, 2017ರ ಪ್ರಣಯ್ ಸೇಠಿ ತೀರ್ಪು. ಕೋರ್ಟಿನ ಕಾರಿಡಾರಿನಲ್ಲಿ ಗುಮಾಸ್ತರಿಗೂ ಈ ಎರಡು ಹೆಸರು ಬಾಯಿಪಾಠ.

ಅಂಗಡಿಯವರಿಗೆ ಲೆಕ್ಕ ಅರ್ಥವಾಗುತ್ತದೆ. ಒಂದು ಉದಾಹರಣೆ ಹಾಕಿ ನೋಡೋಣ. ಗಾರೆ ಕೆಲಸದವನು, ವಯಸ್ಸು 34, ತಿಂಗಳಿಗೆ 12,000 ರೂ. ದುಡಿಮೆ. ಮನೆಯಲ್ಲಿ ಹೆಂಡತಿ, ಇಬ್ಬರು ಮಕ್ಕಳು, ತಾಯಿ. ಬದುಕಿದ್ದರೆ ಮುಂದೆ ದುಡಿಮೆ ಹೆಚ್ಚುತ್ತಿತ್ತು ಅಂತ, 40ರೊಳಗಿನ ಸ್ವಂತ ದುಡಿಮೆಯವನಿಗೆ ಶೇ. 40 ಸೇರಿಸಬೇಕು. ಆಯ್ತು 16,800. ಅವನ ಸ್ವಂತ ಊಟ, ಬಟ್ಟೆ, ಬೀಡಿ, ಕಾಫಿ ಖರ್ಚು ಅಂತ, ನಂಬಿಕೊಂಡವರು ನಾಲ್ಕು ಜನ ಇದ್ದುದರಿಂದ, ಕಾಲು ಭಾಗ ಕಳೆಯಬೇಕು. ಉಳಿದದ್ದು 12,600. ವರ್ಷಕ್ಕೆ 1,51,200. ಇದನ್ನು ವಯಸ್ಸಿನ ಗುಣಕದಿಂದ ಗುಣಿಸಬೇಕು. 31ರಿಂದ 35 ವಯಸ್ಸಿಗೆ ಗುಣಕ 16. ಬಂದದ್ದು 24,19,200 ರೂಪಾಯಿ.

ಅದರ ಮೇಲೆ ಇನ್ನಷ್ಟು ಬಾಬತ್ತು. ಗಂಡನನ್ನು, ತಂದೆಯನ್ನು, ಮಗನನ್ನು ಕಳೆದುಕೊಂಡದ್ದಕ್ಕೆ ತಲಾ 40,000. ಶವಸಂಸ್ಕಾರಕ್ಕೆ 15,000, ಆಸ್ತಿ ನಷ್ಟಕ್ಕೆ 15,000. ಈ ಮೊತ್ತಗಳಿಗೆ ಮೂರು ವರ್ಷಕ್ಕೊಮ್ಮೆ ಶೇ. 10 ಏರಿಸಬೇಕು ಅಂತ 2017ರಲ್ಲೇ ಹೇಳಿದ್ದರಿಂದ, ಎರಡು ಸಲ ಏರಿದ ಲೆಕ್ಕದಲ್ಲಿ 48,400 ಮತ್ತು 18,150. ನಾಲ್ಕು ಜನರಿಗೆ 1,93,600, ಉಳಿದೆರಡಕ್ಕೆ 36,300. ಎಲ್ಲಾ ಕೂಡಿದರೆ 26,49,100 ರೂಪಾಯಿ. ಇದಕ್ಕೆ ಅರ್ಜಿ ಹಾಕಿದ ದಿನದಿಂದ ಬಡ್ಡಿ ಕೊಡಿಸುವ ಅಧಿಕಾರವೂ ಟ್ರಿಬ್ಯುನಲ್ಲಿಗೆ ಇದೆ.

ಕೇಳಲು ಚೆನ್ನಾಗಿದೆ. ಈಗ ಇನ್ಷೂರೆನ್ಸ್ ವಕೀಲರು ಏಳುತ್ತಾರೆ. "ಹನ್ನೆರಡು ಸಾವಿರ ದುಡೀತಿದ್ದ ಅನ್ನೋದಕ್ಕೆ ದಾಖಲೆ ಏನಿದೆ?" ಗಾರೆ ಕೆಲಸದವನಿಗೆ ಯಾವ ಮೇಸ್ತ್ರಿ ರಸೀತಿ ಕೊಟ್ಟಿದ್ದಾನೆ? ಶನಿವಾರ ಸಂಜೆ ಬಟವಾಡೆ, ಭಾನುವಾರ ಸಂತೆ. ದಾಖಲೆ ಇಲ್ಲ ಅಂತ 8,000 ಹಿಡಿದರೆ ಅದೇ ಸೂತ್ರದಲ್ಲಿ 24,19,200 ಹೋಗಿ 16,12,800 ಆಗುತ್ತದೆ. ಒಂದು ಚೀಟಿ ಇಲ್ಲದ್ದಕ್ಕೆ ಎಂಟು ಲಕ್ಷ ಚಿಲ್ಲರೆ ಖೋತಾ! ದಾಖಲೆ ಇಲ್ಲದ ಕಡೆ ಕರ್ನಾಟಕದಲ್ಲಿ ಕಾನೂನು ಸೇವೆಗಳ ಪ್ರಾಧಿಕಾರದವರು ಲೋಕ ಅದಾಲತ್ತಿಗೆಂದು ಮಾಡಿದ ವರ್ಷವಾರು ಅಂದಾಜು ಆದಾಯದ ಪಟ್ಟಿಯನ್ನು ಹೈಕೋರ್ಟು ಸಹ ಹಿಡಿಯುವುದುಂಟು. ಅದು ಕೊನೆಯ ಆಸರೆ. ಮೇಸ್ತ್ರಿಯೇ ಬಂದು ಸಾಕ್ಷಿ ಹೇಳಿದರೆ ಬಲ ಹೆಚ್ಚು. ಆದರೆ ಮೇಸ್ತ್ರಿ ಬರುತ್ತಾನೆಯೇ? ಸತ್ತವನಿಗೆ ಕೊಡಬೇಕಾದ ಕಡೆಯ ವಾರದ ಕೂಲಿ ಕೊಟ್ಟಿದ್ದರೆ ಅದೇ ದೊಡ್ಡದು.

ಅಂಗಡಿ ಇಟ್ಟವರ ಗತಿಯೂ ಇದೇ. ತೆರಿಗೆ ಕಟ್ಟುವ ಕಾಲದಲ್ಲಿ ಆದಾಯ ಎಷ್ಟು ಕಮ್ಮಿ ತೋರಿಸಲಿ ಅಂತ ಆಡಿಟರನ್ನು ಹಿಡಿಯುವವರು ಒಂದು ಮಾತು ನೆನಪಿಡಬೇಕು. ಯಜಮಾನ ರಸ್ತೆಯಲ್ಲಿ ಹೋದ ಮೇಲೆ ಮನೆಯವರು ಅದೇ ರಿಟರ್ನನ್ನು ಕೋರ್ಟಿಗೆ ಹಾಜರು ಮಾಡಬೇಕಾಗುತ್ತದೆ. ಅಲ್ಲಿ ಬರೆದ ಅಂಕಿಯೇ ಆಗ ಅವನ ದುಡಿಮೆ. ಗಲ್ಲಾಪೆಟ್ಟಿಗೆ ಬಂದು ಸಾಕ್ಷಿ ಹೇಳುವುದಿಲ್ಲ.

ವಯಸ್ಸಿನದೂ ಒಂದು ಕಗ್ಗಂಟು. ಗುಣಕ ವಯಸ್ಸಿನ ಮೇಲೆ ನಿಂತಿದೆ. ಮೇಲಿನ ಲೆಕ್ಕದಲ್ಲಿ 34ರ ಬದಲು 36 ಅಂತಾದರೆ ಗುಣಕ 15ಕ್ಕೆ ಇಳಿದು ಒಂದೂವರೆ ಲಕ್ಷ ಮಾಯ. ಆಧಾರ್ ಕಾರ್ಡಿನಲ್ಲಿ ಹುಟ್ಟಿದ ದಿನ ಜನವರಿ 1 ಅಂತ ಇರುವವರೇ ಹಳ್ಳಿಗಳಲ್ಲಿ ಅರ್ಧ ಊರು. 2024ರ ಅಕ್ಟೋಬರಿನಲ್ಲಿ ಸುಪ್ರೀಂ ಕೋರ್ಟು ಇಂಥದೇ ಪರಿಹಾರದ ಕೇಸಿನಲ್ಲಿ, ಆಧಾರ್ ಗುರುತಿನ ಚೀಟಿಯೇ ಹೊರತು ವಯಸ್ಸಿನ ಪುರಾವೆ ಅಲ್ಲ ಅಂತ ಹೇಳಿ ಶಾಲೆಯ ಸರ್ಟಿಫಿಕೇಟನ್ನು ಎತ್ತಿಹಿಡಿಯಿತು. ಆಧಾರಿನಲ್ಲಿ 47, ಶಾಲೆಯಲ್ಲಿ 45. ಗುಣಕ 13 ಇದ್ದದ್ದು 14 ಆಯಿತು. ನಾಲ್ಕನೇ ಕ್ಲಾಸಿಗೆ ಶಾಲೆ ಬಿಟ್ಟವನ ಟೀಸಿಯಾದರೂ ಸರಿ, ಹೆಡ್‌ಮಾಸ್ತರರ ಹತ್ತಿರ ಹೋಗಿ ತೆಗೆಸಿಡುವುದು ಲಾಭ.

ಹೋದವಳು ಮನೆಯೊಡತಿಯಾದರೆ? "ಆಕೆ ಏನೂ ದುಡೀತಿರಲಿಲ್ಲವಲ್ಲ" ಅನ್ನುವ ವಾದ ಬಹಳ ಕಾಲ ನಡೆಯಿತು. 1989ರ ಜಮ್‌ಷೆಡ್‌ಪುರದ ಬೆಂಕಿ ದುರಂತದ ಕೇಸಿನಲ್ಲಿ ಸುಪ್ರೀಂ ಕೋರ್ಟು 2001ರಲ್ಲಿ ಗೃಹಿಣಿಯ ಸೇವೆಗೆ ತಿಂಗಳಿಗೆ 3,000 ರೂ. ಹಿಡಿಯಿತು. 2021ರ ಜನವರಿಯಲ್ಲಿ ಇನ್ನೊಂದು ತೀರ್ಪಿನಲ್ಲಿ, ಮನೆಗೆಲಸಕ್ಕೆ ಆದಾಯ ಕಟ್ಟುವುದು ದಾನವಲ್ಲ, ಕಾನೂನಿನ ಸಮಾನತೆ ಅನ್ನುವ ಅರ್ಥದಲ್ಲಿ ಒತ್ತಿ ಹೇಳಿತು. ನಾಲ್ಕು ಗಂಟೆಗೆ ಎದ್ದು ರಾತ್ರಿ ಹನ್ನೊಂದಕ್ಕೆ ಮಲಗುವವಳಿಗೆ ದುಡಿಮೆ ಇಲ್ಲ ಅಂದ ಗಂಡಸು, ಆಕೆ ಹೋದ ಮರುವಾರ ಅಡುಗೆಯವರನ್ನು ವಿಚಾರಿಸಲು ಹೊರಡುತ್ತಾನೆ. ಆಗ ಗೊತ್ತಾಗುತ್ತದೆ ರೇಟು.

ಆರು ತಿಂಗಳ ಕತ್ತಿ

ಅರ್ಜಿ ಎಲ್ಲಿ ಹಾಕಬೇಕು? ಅಪಘಾತ ಬಳ್ಳಾರಿಯಲ್ಲಿ ಆಗಿದ್ದರೂ ಮನೆಯವರು ಇರುವ ಊರಿನ ಕೋರ್ಟಿನಲ್ಲೇ ಹಾಕಬಹುದು. 1994ರ ತಿದ್ದುಪಡಿಯಲ್ಲಿ ಬಂದ ಒಳ್ಳೆಯ ಮಾತು ಇದು. ಅದೇ ತಿದ್ದುಪಡಿ ಅರ್ಜಿಗೆ ಇದ್ದ ಕಾಲಮಿತಿಯನ್ನೂ ತೆಗೆದುಹಾಕಿತ್ತು. 2019ರ ತಿದ್ದುಪಡಿ ಅದನ್ನು ಮತ್ತೆ ತಂದು ಕೂರಿಸಿದೆ. 2022ರ ಏಪ್ರಿಲ್ 1ರಿಂದ ಆಚೆಗೆ ಅಪಘಾತವಾದ ಆರು ತಿಂಗಳೊಳಗೆ ಅರ್ಜಿ ಬೀಳಬೇಕು. ಆರು ತಿಂಗಳು ಅಂದರೆ ಎಷ್ಟು? ಮೂರು ತಿಂಗಳು ಅಳು, ಎರಡು ತಿಂಗಳು ಪೋಸ್ಟ್ ಮಾರ್ಟಂ ರಿಪೋರ್ಟಿಗೆ ಓಡಾಟ, ಒಂದು ತಿಂಗಳು ಅತ್ತೆ-ಸೊಸೆ ಜಗಳ. ಮುಗಿಯಿತು. ಈ ಮಿತಿಯನ್ನು ಪ್ರಶ್ನಿಸಿದ ಅರ್ಜಿಗಳು ಸುಪ್ರೀಂ ಕೋರ್ಟಿಗೆ ಹೋದವು. ಅವುಗಳ ವಿಚಾರಣೆ ಮುಗಿಯುವವರೆಗೆ ಅವಧಿ ಮೀರಿತು ಅಂತ ಯಾವ ಅರ್ಜಿಯನ್ನೂ ವಜಾ ಮಾಡಬೇಡಿ ಎಂದು 2025ರ ನವೆಂಬರಿನಲ್ಲಿ ಕೋರ್ಟು ಮಧ್ಯಂತರ ಆದೇಶ ಕೊಟ್ಟಿತು. ಹಾಗಂತ ಕಾಲು ಚಾಚಿ ಕೂರುವಂತಿಲ್ಲ. ಮಧ್ಯಂತರ ಆದೇಶ ಛತ್ರಿ ಇದ್ದ ಹಾಗೆ, ಯಾವಾಗ ಮಡಚುತ್ತಾರೋ ಗೊತ್ತಿಲ್ಲ.

ಇನ್ನೊಂದು ಗುಂಡಿ ಇದೆ, ಕಣ್ಣಿಗೆ ಕಾಣುವುದಿಲ್ಲ. ಯಾರ ತಪ್ಪು ಅಂತ ನೋಡದೆ ಕೊಡುವ ಪರಿಹಾರ. 1982ರಲ್ಲಿ ಈ ಪದ್ಧತಿ ಶುರುವಾದಾಗ ಸತ್ತವನಿಗೆ 15,000 ರೂ. ಇತ್ತು. 1988ರ ಕಾಯ್ದೆಯಲ್ಲಿ 25,000, 1994ರಲ್ಲಿ 50,000. ಹೊಸ ಕಾನೂನಿನಲ್ಲಿ 5 ಲಕ್ಷ. ಕಂಪನಿಯ ಅಧಿಕಾರಿ 30 ದಿನದಲ್ಲಿ ರಾಜಿಗೆ ಮೊತ್ತ ಮುಂದಿಡಬಹುದು ಅಂತಲೂ ಇದೆ. ಒಳ್ಳೆಯದೇ. ಆದರೆ ಹಾಗೆ ಮುಂದಿಟ್ಟ 5 ಲಕ್ಷವನ್ನು ಒಪ್ಪಿ ತೆಗೆದುಕೊಂಡರೆ ಟ್ರಿಬ್ಯುನಲ್ಲಿನಲ್ಲಿರುವ ದೊಡ್ಡ ಅರ್ಜಿ ಅಲ್ಲಿಗೇ ಬಿದ್ದುಹೋಗುತ್ತದೆ. ಮೇಲಿನ ಗಾರೆ ಕೆಲಸದವನ ಮನೆಯಲ್ಲಿ ಸಾಲಗಾರರು ಬಾಗಿಲು ತಟ್ಟುತ್ತಿರುವಾಗ 5 ಲಕ್ಷದ ಚೆಕ್ಕು ದೇವರ ಪ್ರಸಾದದಂತೆ ಕಾಣುತ್ತದೆ. ಸಹಿ ಹಾಕಿದ ಮೇಲೆ 26 ಲಕ್ಷದ ಮಾತು ಎತ್ತುವಂತಿಲ್ಲ. ತಪ್ಪು ಗಾಡಿಯವನದೇ ಅಂತ ಸಾಕ್ಷಿ ಗಟ್ಟಿಯಾಗಿದ್ದರೆ ಅವಸರ ಪಡಬಾರದು. ಸಾಕ್ಷಿಯೇ ಇಲ್ಲದ ಕೇಸಾದರೆ 5 ಲಕ್ಷವೇ ಭಾಗ್ಯ.

ಗುದ್ದಿ ಓಡಿಹೋದ ಗಾಡಿಯ ನಂಬರೇ ಸಿಗದಿದ್ದರೆ? ಆಗಲೂ ದಾರಿ ಇದೆ. ಇದು ಯಾರಿಗೂ ಗೊತ್ತಿಲ್ಲದ ದಾರಿ. 2022ರ ಏಪ್ರಿಲಿನಿಂದ ಇಂಥ ಸಾವಿಗೆ 2 ಲಕ್ಷ, ತೀವ್ರ ಗಾಯಕ್ಕೆ 50,000 ರೂ. ಮೊದಲು ಸಾವಿಗೆ 25,000 ಇತ್ತು. ಅರ್ಜಿ ಕೊಡಬೇಕಾದ್ದು ಕೋರ್ಟಿಗಲ್ಲ. ತಹಸೀಲ್ದಾರರೋ ಉಪವಿಭಾಗಾಧಿಕಾರಿಯೋ ವಿಚಾರಣೆ ಮಾಡಿ ಕಳಿಸುತ್ತಾರೆ, ಜಿಲ್ಲಾಧಿಕಾರಿ ಮಂಜೂರು ಮಾಡುತ್ತಾರೆ. ದೇಶದಲ್ಲಿ 2022ರಲ್ಲಿ ಗುದ್ದಿ ಓಡಿದ ಅಪಘಾತ 67,387. 2022-23ರ ಆರ್ಥಿಕ ವರ್ಷದಲ್ಲಿ ಪರಿಹಾರ ಕೇಳಿ ಬಂದ ಅರ್ಜಿ ಎಷ್ಟು ಗೊತ್ತೇ? 205. ಇತ್ಯರ್ಥವಾದದ್ದು 95! ಈ ಅಂಕಿಗಳನ್ನು ನೋಡಿ ಸುಪ್ರೀಂ ಕೋರ್ಟೇ 2024ರ ಜನವರಿಯಲ್ಲಿ ಪೋಲೀಸರಿಗೆ ಅಪ್ಪಣೆ ಮಾಡಿತು. ಒಂದು ತಿಂಗಳಲ್ಲಿ ಗಾಡಿ ಪತ್ತೆಯಾಗದಿದ್ದರೆ ಮನೆಯವರಿಗೆ ಲಿಖಿತದಲ್ಲಿ ಈ ಯೋಜನೆಯ ವಿಷಯ ತಿಳಿಸಬೇಕು. ತಿಳಿಸದಿದ್ದರೆ ಠಾಣೆಗೆ ಹೋಗಿ ಕೇಳುವ ಹಕ್ಕು ನಿಮಗಿದೆ.

ಟೆಂಪೋ ಹಿಂದೆ ನಿಂತವರು

ಮದುವೆ ಸೀಜನ್ನಿನಲ್ಲಿ ಲಗೇಜು ಟೆಂಪೋದಲ್ಲಿ ಮೂವತ್ತು ಜನ, ಟ್ರ್ಯಾಕ್ಟರ್ ಟ್ರೈಲರಿನಲ್ಲಿ ಐವತ್ತು ಜನ ಹೋಗುವುದು ಎಲ್ಲರೂ ಕಂಡದ್ದೇ. ಗಾಡಿ ಮಗುಚಿದರೆ ಪೇಪರಿನಲ್ಲಿ ಫೋಟೋ ಬರುತ್ತದೆ, ಎಂ.ಎಲ್.ಎ. ಬರುತ್ತಾರೆ, ಆದರೆ ಇನ್ಷೂರೆನ್ಸ್ ಬರುವುದಿಲ್ಲ. ಸರಕು ಸಾಗಣೆ ವಾಹನದಲ್ಲಿ ಸುಮ್ಮನೆ ಹತ್ತಿ ಹೋದವರಿಗೆ ವಿಮಾ ಕಂಪನಿ ಹೊಣೆ ಅಲ್ಲ ಅಂತ ಸುಪ್ರೀಂ ಕೋರ್ಟು 2002ರ ತೀರ್ಪಿನಲ್ಲಿ ತೀರ್ಮಾನಿಸಿದೆ. ಹೊಣೆ ಉಳಿಯುವುದು ಗಾಡಿ ಮಾಲೀಕನ ತಲೆ ಮೇಲೆ. ಅವನೋ ಗಾಡಿಯನ್ನೇ ಫೈನಾನ್ಸಿನಲ್ಲಿ ತಂದವನು. ಎರಡು ಮನೆ ಒಟ್ಟಿಗೆ ಮುಳುಗುತ್ತವೆ. ಆದರೆ ತನ್ನ ಈರುಳ್ಳಿ ಮೂಟೆಯ ಜೊತೆಗೆ ಎ.ಪಿ.ಎಂ.ಸಿ.ಗೆ ಹೋಗುವ ರೈತ, ಸಾಮಾನು ತರುವ ಅಂಗಡಿಯವನು ಅಥವಾ ಅವನ ಕಡೆಯ ಆಳು ಬೇರೆ. ಸರಕಿನ ಒಡೆಯನಿಗೂ ಅವನ ಪ್ರತಿನಿಧಿಗೂ 1994ರಿಂದ ರಕ್ಷಣೆ ಇದೆ. ಮೂಟೆ ಇದ್ದರೆ ಪರಿಹಾರ, ಮೂಟೆ ಇಲ್ಲದಿದ್ದರೆ ಇಲ್ಲ. ಅದಕ್ಕೇ ಸರಕಿನ ಬಿಲ್ಲು ಜೇಬಿನಲ್ಲಿರಲಿ.

ಬೈಕಿನ ಹಿಂದೆ ಕೂತವರದೂ ಇದೇ ಪಾಡು. ಬೈಕಿಗೆ ಬರೀ 'ಆಕ್ಟ್ ಪಾಲಿಸಿ' ಮಾಡಿಸಿದ್ದರೆ ಹಿಂದಿನ ಸವಾರನಿಗೆ ಆ ಬೈಕಿನ ವಿಮೆಯಿಂದ ಏನೂ ಸಿಗುವುದಿಲ್ಲ. ಪ್ರೀಮಿಯಮ್ಮಿನಲ್ಲಿ ನಾಲ್ಕು ಕಾಸು ಉಳಿಸಿದವರು ಈ ಮಾತನ್ನು ಹೆಂಡತಿಗೆ ಹೇಳಿ ಹಿಂದೆ ಕೂರಿಸಿಕೊಳ್ಳುವುದು ಒಳ್ಳೆಯದು.

ತಾನೇ ಅಡ್ಡಾದಿಡ್ಡಿ ಓಡಿಸಿ, ಬೇರೆ ಗಾಡಿಯ ತಪ್ಪಿಲ್ಲದೆ ಸತ್ತರೆ ವಾರಸುದಾರರಿಗೆ ಈ ಪರಿಹಾರ ಇಲ್ಲ ಅಂತ ಕರ್ನಾಟಕದ್ದೇ ಒಂದು ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2025ರ ಜುಲೈನಲ್ಲಿ ಹೇಳಿತು. ಮನೆಯವರು ಕೇಳಿದ್ದು 80 ಲಕ್ಷ. ಬಂದದ್ದು ಸೊನ್ನೆ. ಮಾಲೀಕನೇ ಓಡಿಸುವಾಗ ಆಸರೆಗೆಂದು 15 ಲಕ್ಷದ ವೈಯಕ್ತಿಕ ಅಪಘಾತ ವಿಮೆ 2018ರಿಂದ ಇದೆ. ಅದನ್ನು 'ಬೇಡ, ತೆಗೀರಿ' ಅಂತ ಏಜೆಂಟನ ಹತ್ತಿರ ಹೊಡೆದುಹಾಕಿಸುವ ಜಾಣರು ಊರ ತುಂಬಾ ಇದ್ದಾರೆ.

ಬಸ್ಸಿನ ಪ್ರಯಾಣಿಕರಿಗೆ ಮಾತ್ರ ಒಂದು ಸಮಾಧಾನ. ಕೆ.ಎಸ್.ಆರ್.ಟಿ.ಸಿ. ಟಿಕೀಟಿನಲ್ಲಿ ಅಪಘಾತ ಪರಿಹಾರ ನಿಧಿಗೆ ಅಂತ ರೂಪಾಯಿ ಎರಡು ರೂಪಾಯಿ ಸೇರಿಸುತ್ತಾರೆ. ಯಾರೂ ಗಮನಿಸುವುದಿಲ್ಲ. ಬಸ್ಸಿನಲ್ಲಿ ಹೋಗುವಾಗ ಅಪಘಾತವಾಗಿ ಪ್ರಯಾಣಿಕ ಸತ್ತರೆ ಆ ನಿಧಿಯಿಂದ ಕೊಡುತ್ತಿದ್ದ 3 ಲಕ್ಷವನ್ನು 2024ರ ಜನವರಿ 1ರಿಂದ 10 ಲಕ್ಷ ಮಾಡಿದ್ದಾರೆ. ಇಳಿಯುವ ಮೊದಲೇ ಟಿಕೀಟು ಹರಿದು ಕಿವಿ ಕೆರೆದುಕೊಳ್ಳುವ ಅಭ್ಯಾಸ ಇರುವವರು ಅದನ್ನು ಬಿಡುವುದು ವಾಸಿ.

ದುಡ್ಡು ಬಂದ ಮೇಲೆ

ಲೋಕ ಅದಾಲತ್ತಿನಲ್ಲಿ ರಾಜಿಯಾದರೆ ಬೇಗ ಮುಗಿಯುತ್ತದೆ, ಮೇಲ್ಮನವಿ ಇಲ್ಲ. ಮೊತ್ತ ಸ್ವಲ್ಪ ಬಗ್ಗಬೇಕಾಗುತ್ತದೆ. ರಾಜಿ ಬೇಡ ಅಂದರೆ ತೀರ್ಪು, ತೀರ್ಪಿನ ಮೇಲೆ ಕಂಪನಿಯದೋ ನಿಗಮದ್ದೋ ಹೈಕೋರ್ಟಿಗೆ ಅಪೀಲು. ಬೆಂಗಳೂರು, ಧಾರವಾಡ, ಕಲಬುರಗಿ ಮೂರೂ ಕಡೆ ಪೀಠ ಇರುವುದರಿಂದ ಓಡಾಟ ಮೊದಲಿಗಿಂತ ಕಮ್ಮಿ. ವರ್ಷ ಮಾತ್ರ ಕಮ್ಮಿಯಾಗಿಲ್ಲ. ತಂದೆ ಸತ್ತಾಗ ಅಂಗನವಾಡಿಗೆ ಹೋಗುತ್ತಿದ್ದ ಹುಡುಗಿ, ಕೇಸು ಮುಗಿಯುವಾಗ ಹೈಸ್ಕೂಲಿನಲ್ಲಿ ಇರುವುದು ಅಚ್ಚರಿಯೇನಲ್ಲ.

ಕೊನೆಗೊಂದು ದಿನ ಹಣ ಕೋರ್ಟಿಗೆ ಬಂದು ಬೀಳುತ್ತದೆ. ತೆಗೆದುಕೊಳ್ಳುವವರೇ ಇಲ್ಲದೆ ಹಾಗೇ ಕೊಳೆಯುವ ಹಣವೂ ಇದೆ. ವಿಳಾಸ ಬದಲಾಗಿರುತ್ತದೆ, ಗುಳೆ ಹೋಗಿರುತ್ತಾರೆ, ವಕೀಲರು ತೀರಿಕೊಂಡಿರುತ್ತಾರೆ. ಗುಜರಾತಿನ ನಿವೃತ್ತ ನ್ಯಾಯಾಧೀಶರೊಬ್ಬರು ಈ ಬಗ್ಗೆ ಬರೆದ ಪತ್ರವನ್ನೇ ಹಿಡಿದು ಸುಪ್ರೀಂ ಕೋರ್ಟು ತಾನಾಗಿ ಕೇಸು ಕೈಗೆತ್ತಿಕೊಂಡು, 2025ರ ಏಪ್ರಿಲಿನಲ್ಲಿ ವಾರಸುದಾರರನ್ನು ಹುಡುಕಿ ಕೊಡಿ ಅಂತ ನಿರ್ದೇಶನ ಕೊಟ್ಟಿತು. ಅದಕ್ಕೂ ಮುಂಚೆ ಮಾರ್ಚಿನಲ್ಲಿ, ಹಣವನ್ನು ಕೋರ್ಟಿಗೆ ಕಟ್ಟಿ ಕಾಯಿಸುವ ಬದಲು ನೇರ ಬ್ಯಾಂಕ್ ಖಾತೆಗೇ ಹಾಕಿಸಬಹುದು ಅಂತ ಇನ್ನೊಂದು ಪೀಠ ಹೇಳಿತ್ತು.

ಬಂದ ಹಣ ಪೂರ್ತಿ ಕೈಗೆ ಕೊಡುವುದಿಲ್ಲ. ಅಪ್ರಾಪ್ತ ಮಕ್ಕಳ ಪಾಲು ಹದಿನೆಂಟು ತುಂಬುವವರೆಗೆ ಬ್ಯಾಂಕಿನಲ್ಲಿ ಠೇವಣಿ. ಓದುಬರಹ ಬಾರದವರ ಪಾಲಿನಲ್ಲೂ ದೊಡ್ಡ ಭಾಗ ಠೇವಣಿ. ಕೇರಳದ ಒಂದು ಕೇಸಿನಲ್ಲಿ 1993ರಲ್ಲಿ ಸುಪ್ರೀಂ ಕೋರ್ಟು ಹಾಕಿಕೊಟ್ಟ ದಾರಿ ಇದು. ಮೈದುನ, ಸಾಲಗಾರ, ದಲ್ಲಾಳಿ ಮೂವರೂ ಸೇರಿ ಒಂದೇ ವಾರದಲ್ಲಿ ನುಂಗಬಾರದು ಅಂತ. ಉದ್ದೇಶ ಒಳ್ಳೆಯದು. ಆದರೆ ಎಲ್ಲರಿಗೂ ಕಣ್ಣುಮುಚ್ಚಿ ಇದೇ ಮಾಡಬೇಡಿ, ಆಕೆಯ ಅಗತ್ಯ ನೋಡಿ ಅಂತ 2012ರಲ್ಲಿ ಅದೇ ಕೋರ್ಟು ತಿದ್ದಿ ಹೇಳಬೇಕಾಯಿತು.

ಮಗಳಿಗೆ ನರ್ಸಿಂಗ್ ಸೀಟು ಸಿಕ್ಕಿದೆ, ಫೀಜು ಕಟ್ಟಲು ಸೋಮವಾರ ಕಡೇ ದಿನ. ಠೇವಣಿ ಬಾಂಡು ತಾಯಿಯ ಹೆಸರಲ್ಲೇ ಇದೆ, ಟ್ರಂಕಿನಲ್ಲಿ ಸೀರೆಯ ಮಡಿಕೆಯೊಳಗೆ ಭದ್ರವಾಗಿದೆ. ಬ್ಯಾಂಕಿಗೆ ಹೋದರೆ ಮ್ಯಾನೇಜರು, "ಕೋರ್ಟಿನಿಂದ ಆರ್ಡರ್ ತಗೊಂಡು ಬನ್ನಿ ಅಮ್ಮಾ" ಅನ್ನುತ್ತಾರೆ. ಕೋರ್ಟಿಗೆ ಹೋದರೆ ಅರ್ಜಿ ಬರೆಯಬೇಕು, ಸೀಟಿನ ಪತ್ರ ಲಗತ್ತಿಸಬೇಕು. ಅರ್ಜಿಗೆ ವಾಯಿದೆ ಬೀಳುತ್ತದೆ, ಮುಂದಿನ ಗುರುವಾರಕ್ಕೆ.